ಉಜ್ಜಿದಷ್ಟೂ ಹಸಿರು

ನನ್ನ ಮದ್ರಿನಾ ಬಸಿಲಿಸಾ ಯಾರನ್ನೂ ನಂಬುವವಳಲ್ಲ. ನನಗೆ ಜ್ಞಾನಸ್ನಾನ ಮಾಡಿಸಿದ ದಿನ ಮಗುವನ್ನು ಎತ್ತಿ ಹಿಡಿದವಳು ಅವಳು, ಅದಕ್ಕೇ ಮದ್ರಿನಾ. ಎತ್ತಿ ಹಿಡಿಯುವ ಮೊದಲು ಪಾದ್ರಿಯ ಮುಂದಿದ್ದ ನೀರಿಗೆ ಬೆರಳದ್ದಿ ಮೂಸಿ ನೋಡಿದಳಂತೆ. "ಏನು ದೋನ್ಯಾ ಇದು, ಪವಿತ್ರ ಜಲ ಅಲ್ವಾ?" ಎಂದು ಪಾದ್ರಿ, ದೋನ್ಯಾ ಎಂಬ ಮರ್ಯಾದೆಯ ಮಾತು ಬಿಡದೆಯೇ, ಮುಖ ಗಂಟು ಹಾಕಿದರೆ, "ಪವಿತ್ರ ಮಾಡಿದ್ದು ನೀವು, ಫಾದರ್. ನೀರು ಕಂಪನೀದು" ಅಂದಳಂತೆ. ಈ ಕತೆಯನ್ನು ನನ್ನ ಅಮ್ಮ ಎಲೋಯಿಸಾ ಸಾಯುವ ತನಕ ಹೇಳಿಕೊಂಡು ನಕ್ಕಳು.

ಅವಳನ್ನು ತಲೆಕೆಟ್ಟವಳು ಎಂದು ತಳ್ಳಿಹಾಕುವವರು ಸ್ವಲ್ಪ ತಡೆಯಬೇಕು. ಆಗ ನಮ್ಮ ಸಾಂತಾ ಓಲಾಯಾದಲ್ಲಿ ನೀರು ಮಾತ್ರವಲ್ಲ, ಮನೆ, ಅಂಗಡಿ, ಆಸ್ಪತ್ರೆ, ಕೊನೆಗೆ ಹೂಳುವ ಜಾಗವೂ ತಾಮ್ರದ ಕಂಪನಿಯದೇ. ನಮ್ಮಜ್ಜಂದಿರು ಗಡಿ ದಾಟಿ ಮೆಕ್ಸಿಕೋದ ಸೊನೋರಾದಿಂದ ಅರಿಝೋನಾಕ್ಕೆ ಬಂದಾಗ ಊರ ಪಕ್ಕದಲ್ಲಿ ಒಂದು ಬೆಟ್ಟವಿತ್ತಂತೆ. ನಾನು ಹುಟ್ಟುವಷ್ಟರಲ್ಲಿ ಬೆಟ್ಟ ಹೋಗಿ ಹೊಂಡವಾಗಿತ್ತು, ಹೊಂಡದಿಂದ ತೆಗೆದ ಮಣ್ಣು ಊರಿನ ಇನ್ನೊಂದು ಪಕ್ಕದಲ್ಲಿ ಹೊಸ ಗುಡ್ಡವಾಗಿತ್ತು. ಬಸಿಲಿಸಾಳ ಅಪ್ಪನ ಮೇಲೆ ಬಂಡೆ ಬಿದ್ದಾಗ ಕಂಪನಿಯವರು, "ಅವನದೇ ಅಜಾಗರೂಕತೆ" ಎಂದರು. ಗಂಡ ರೋಸೆಂದೊ ಎದೆಯ ತುಂಬ ದೂಳು ತುಂಬಿಕೊಂಡು, ಕೂತಲ್ಲೇ ಏದುಸಿರು ಬಿಡುತ್ತಾ ಸತ್ತಾಗ ಕಂಪನಿಯ ಡಾಕ್ಟರು, "ಸಿಗರೇಟು" ಎಂದ. ರೋಸೆಂದೊ ಜನ್ಮದಲ್ಲಿ ಸಿಗರೇಟು ಮುಟ್ಟಿದವನಲ್ಲ. ಅವತ್ತಿನಿಂದ ಬಸಿಲಿಸಾ ಕಪ್ಪು ಬಟ್ಟೆ ತೊಟ್ಟಳು, ಯಾರಾದರೂ "ಶುಭ ದಿನ" ಎಂದರೂ ಯಾಕೆ ಅಂದರು ಎಂದು ಯೋಚಿಸತೊಡಗಿದಳು.

ಮಕ್ಕಳಿರಲಿಲ್ಲ. ಇದ್ದವನು ತಮ್ಮ ಅನ್ಸೆಲ್ಮೊ ಒಬ್ಬನೇ. ತಾಯಿ ಹೋದಾಗ ಅವನಿನ್ನೂ ಮೊಣಕಾಲುದ್ದದ ಹುಡುಗ. ಅಕ್ಕನೇ ಉಣಿಸಿ, ಬೈದು, ಹೊಡೆದು, ದೊಡ್ಡವನನ್ನಾಗಿ ಮಾಡಿದಳು. ಜಗತ್ತಿನಲ್ಲಿ ಅವಳು ಮೂಸಿ ನೋಡದೆ ತಿನ್ನುತ್ತಿದ್ದದ್ದು ಅವನು ಕೊಟ್ಟದ್ದನ್ನು ಮಾತ್ರ.

ಅವಳ ಕಸುಬು ಬಟ್ಟೆ ಒಗೆಯುವುದು. ತಾಯಿಯಿಂದ ಬಂದದ್ದು. ಗಣಿಯವರ ಬಟ್ಟೆಯನ್ನು ಹಿತ್ತಲಿನ ಕಲ್ಲಿನ ತೊಟ್ಟಿಯಲ್ಲಿ ನೆನೆಹಾಕಿ, ಹಂದಿ ಕೊಬ್ಬಿನಿಂದ ತಾನೇ ಕಾಯಿಸಿದ ಸಾಬೂನಿನಲ್ಲಿ ಉಜ್ಜುತ್ತಿದ್ದಳು. ಬಟ್ಟೆ ನೋಡಿಯೇ ಅದರ ಒಡೆಯ ಎಲ್ಲಿ ದುಡಿದು ಬಂದ ಎಂದು ಹೇಳುತ್ತಿದ್ದಳು. ಹೊಂಡದಲ್ಲಿ ದುಡಿಯುವವನ ಮೊಣಕಾಲು ಕೆಂಪು. ಕಲ್ಲು ಅರೆಯುವ ಕಡೆಯವನ ಹೆಗಲು ಬೂದು. ಕುಲುಮೆಯವನ ಅಂಗಿಗೆ ಗಂಧಕದ ವಾಸನೆ, ಸಾಸಿವೆ ಕಾಳಿನಷ್ಟು ತೂತುಗಳು. ನೀಲಿ ತೊಟ್ಟಿಯವನಾದರೆ ಕಾಲರು ಮತ್ತು ತೋಳಿನ ತುದಿ ಹಸಿರು. ಒಮ್ಮೆ ಮಾತೀಲ್ದೆ ಎಂಬವಳ ಗಂಡ ಎರಡು ಪಾಳಿ ದುಡಿದು ಬಂದೆ ಎಂದು ಹೇಳಿಕೊಂಡು ಬಂದ ಅಂಗಿಯನ್ನು ಬಸಿಲಿಸಾ ಕೊಡವಿ ನೋಡಿ, "ಇದು ಗಣಿ ದೂಳಲ್ಲ ಕಣೇ, ಗೋಧಿ ಹಿಟ್ಟು. ಬೆನ್ನ ಮೇಲೆ ಎರಡು ಕೈ ಮೂಡಿದೆ ನೋಡು" ಎಂದಳು. ಊರಲ್ಲಿದ್ದದ್ದು ಒಂದೇ ಬೇಕರಿ, ಅದನ್ನು ನಡೆಸುತ್ತಿದ್ದವಳು ಒಬ್ಬ ವಿಧವೆ. ಆಮೇಲೆ ಏನಾಯಿತು ಎಂಬುದು ಬೇರೆ ಕತೆ. ಬಸಿಲಿಸಾಳ ಮಾತಿಗೆ ಊರಲ್ಲಿ ಎದುರಿರಲಿಲ್ಲ ಎಂಬುದಷ್ಟೇ ಇಲ್ಲಿಗೆ ಬೇಕಾದದ್ದು.

ನೀಲಿ ತೊಟ್ಟಿ ಎಂದರೆ ಗುಡ್ಡದ ಬುಡದಲ್ಲಿದ್ದ ಸಿಮೆಂಟಿನ ತೊಟ್ಟಿಗಳು. ಕಂಪನಿಯವರು ಗುಡ್ಡದ ಮೇಲೆ ಆಸಿಡ್ ಬೆರೆಸಿದ ಹುಳಿ ನೀರು ಚಿಮುಕಿಸುತ್ತಿದ್ದರು. ಅದು ಮಣ್ಣಿನೊಳಗೆಲ್ಲ ಇಳಿದು, ಉಳಿದಿದ್ದ ತಾಮ್ರವನ್ನು ನೆಕ್ಕಿಕೊಂಡು, ನೀಲಿಯಾಗಿ ಕೆಳಗೆ ಸೋರುತ್ತಿತ್ತು. ಆ ನೀರಿಗೆ ಹಳೆ ಡಬ್ಬ, ಮುರುಕು ಕಬ್ಬಿಣ ಹಾಕಿದರೆ ಕಬ್ಬಿಣ ಕರಗಿ ಹೋಗಿ ತಾಮ್ರದ ಕೆಸರು ತಳದಲ್ಲಿ ಕೂರುತ್ತಿತ್ತು. ಕೈಬೆರಳೆಣಿಕೆಯಷ್ಟು ಜನ ಸಾಕು ಆ ಕೆಲಸಕ್ಕೆ. ಅದಕ್ಕೇ ದೊಡ್ಡ ಮುಷ್ಕರದ ವರ್ಷ ಹೊಂಡ ನಿಂತಿತು, ಕುಲುಮೆ ಆರಿತು, ನೀಲಿ ತೊಟ್ಟಿ ಮಾತ್ರ ನಡೆದೇ ಇತ್ತು. ಒಳಗೆ ಯಾರೋ ಕದ್ದು ಹೋಗಿ ದುಡಿಯುತ್ತಿದ್ದರು.

ಗಣಿಯ ಗೇಟಿನ ಮುಂದೆ ಕಾರ್ಮಿಕ ಸಂಘದವರು ಸುಣ್ಣದಲ್ಲಿ ಗೆರೆ ಎಳೆದಿದ್ದರು. ಗೆರೆ ದಾಟಿದವನು ಯಾರು ಎಂದು ಗೊತ್ತಾದರೆ ಅವನ ಅಂಗಿಯನ್ನು ಸಂಘದ ಮನೆಯ ಮುಳ್ಳುತಂತಿಯ ಬೇಲಿಗೆ ಸಿಕ್ಕಿಸುವುದು ನಮ್ಮೂರಿನ ಹಳೆಯ ಪದ್ಧತಿ. ಬೈಗುಳ ಇಲ್ಲ, ಹೊಡೆತ ಇಲ್ಲ. ಅಂಗಿ ನೇತುಬಿದ್ದ ಮೇಲೆ ಆ ಮನುಷ್ಯನ ಜೊತೆ ಯಾರೂ ಮಾತಾಡುವುದಿಲ್ಲ. ಅದನ್ನು ತೆಗೆಯುವ ಹಕ್ಕು ಸಿಕ್ಕಿಸಿದವರಿಗೆ ಮಾತ್ರ. ಅವರು ತೆಗೆಯದಿದ್ದರೆ ಬಿಸಿಲು, ಗಾಳಿ ತಿಂದು ಮುಗಿಸುವವರೆಗೆ ಅದು ಅಲ್ಲೇ. ನಬೋರ್ ಎಂಬವನ ಅಂಗಿ ಮೊದಲು ಬೇಲಿಗೇರಿತು. ನಬೋರ್ ತಲೆ ಎತ್ತಿಕೊಂಡೇ ಓಡಾಡಿದ. ಅವನಿಗೆ ನಾಚಿಕೆ ಎಂಬುದು ಹುಟ್ಟಿನಿಂದಲೇ ಇರಲಿಲ್ಲ.

ಮುಷ್ಕರ ಶುರುವಾದ ಕೂಡಲೇ ಬಸಿಲಿಸಾಳಿಗೆ ಹೊಸ ಅನುಮಾನ ಹೊಕ್ಕಿತು. ಕಂಪನಿಯವರು ನಲ್ಲಿ ನೀರಿಗೆ ಏನೋ ಬೆರೆಸುತ್ತಿದ್ದಾರೆ, ಗಂಡಸರಿಗೆ ಭೇದಿ ಹತ್ತಿಸಿ ಗೇಟಿನ ಮುಂದಿನಿಂದ ಓಡಿಸಲಿಕ್ಕೆ.

"ನಲ್ಲಿ ನೀರು ಮುಟ್ಟಬೇಡ ಕೊಮಾದ್ರೆ" ಎಂದು ಅಮ್ಮನಿಗೆ ಹೇಳಿದಳು. ಮಗುವಿನ ತಾಯಿಯೂ ಮದ್ರಿನಾಳೂ ಒಬ್ಬರನ್ನೊಬ್ಬರು ಕರೆಯುವುದು ಹಾಗೆ, ಕೊಮಾದ್ರೆ ಎಂದು.

"ನಾವೆಲ್ಲ ಕುಡೀತಾ ಇದೀವಲ್ಲ, ಏನೂ ಆಗಿಲ್ವಲ್ಲ?"

"ಈಗ ಆಗಿಲ್ಲ. ಅದೇ ಅವರ ಕುತಂತ್ರ."

ಕುಡಿಯಲು, ಅಡುಗೆಗೆ ಇಗರ್ಜಿಯ ಹಿಂದಿನ ಒರತೆಯಿಂದ ತರುತ್ತಿದ್ದಳು. ಬಟ್ಟೆ ಒಗೆಯಲು ಅಷ್ಟು ನೀರು ಸಾಲದು. ಅದಕ್ಕೆ ಕಣಿವೆಯ ಕೆಳಗೆ, ಎಂದೋ ಒಬ್ಬ ಚೀನೀ ತೋಟಗಾರ ಎಲೆಕೋಸು ಬೆಳೆಯುತ್ತಿದ್ದ ಜಾಗದ ಪಾಳು ಬಾವಿಯೇ ಗತಿ. ಆ ನೀರು ನಾಲಿಗೆಗೆ ಒಗರು, ನಮ್ಮಲ್ಲಿ ಮೇಕೆಗಳೂ ಅದನ್ನು ಕುಡಿಯುತ್ತಿರಲಿಲ್ಲ. ಆದರೆ ಅದು ಕಂಪನಿಯ ನಲ್ಲಿಯಲ್ಲಿ ಬಂದದ್ದಲ್ಲ, ಬಸಿಲಿಸಾಳಿಗೆ ಅಷ್ಟು ಸಾಕು. ಅನ್ಸೆಲ್ಮೊ ಕೆಲಸವಿಲ್ಲದೆ ಇದ್ದನಲ್ಲ, ಎರಡು ಡಬ್ಬಗಳನ್ನು ಹೆಗಲ ಕೋಲಿಗೆ ಕಟ್ಟಿಕೊಂಡು ಏರು ಹತ್ತಿ ತಂದು ಸುರಿಯುತ್ತಿದ್ದ. ದಾರಿಯಲ್ಲಿ ಗೆಳೆಯರು, "ಏನೋ, ನಿಮ್ಮಕ್ಕ ನಿನ್ನನ್ನ ಕತ್ತೆ ಮಾಡಿದ್ಲಾ?" ಎಂದು ಕಾಲೆಳೆದರೆ, "ಕತ್ತೆ ಆದ್ರೆ ಮಾತು ಕೇಳೋದಾದ್ರೂ ತಪ್ಪುತ್ತೆ ಕಣ್ರೋ" ಎನ್ನುತ್ತಿದ್ದ. ಒಳ್ಳೆಯ ಹುಡುಗ.

ಮುಷ್ಕರದ ಕಾಲದಲ್ಲಿ ಒಗೆಯಲು ಬಟ್ಟೆ ಕೊಡುವವರು ಯಾರೂ ಇರಲಿಲ್ಲ. ತೊಟ್ಟಿಗೆ ಬೀಳುತ್ತಿದ್ದದ್ದು ಅವರಿಬ್ಬರದೇ ಬಟ್ಟೆ. ಅವಳದು ಪೂರ್ತಿ ಕಪ್ಪು. ಹಾಸಿಗೆ ಬಟ್ಟೆಗೆ ಹೇಗೂ ನೀಲಿ ಹಾಕುವುದು ರೂಢಿ. ಉಳಿದದ್ದು ಅನ್ಸೆಲ್ಮೊನ ತಿಳಿ ಬಣ್ಣದ ಅಂಗಿ, ಗೇಟಿನ ಮುಂದೆ ಕೂರುವಾಗ ತೊಡುತ್ತಿದ್ದದ್ದು. ಒಂದು ದಿನ ಅದನ್ನು ಹಗ್ಗದಿಂದ ತೆಗೆಯುವಾಗ ಬಸಿಲಿಸಾಳ ಕೈ ನಿಂತುಹೋಯಿತು. ಕಾಲರಿನ ಮಡಿಕೆಯಲ್ಲಿ ಹಸಿರು.

ಅವನು ಯಾವತ್ತೂ ನೀಲಿ ತೊಟ್ಟಿಯಲ್ಲಿ ದುಡಿದವನಲ್ಲ. ಕಲ್ಲು ಅರೆಯುವ ಕಡೆಯವನು, ಅವನ ಬಣ್ಣ ಬೂದು.

ಅವಳು ಆ ಅಂಗಿಯನ್ನು ಮತ್ತೆ ತೊಟ್ಟಿಗೆ ಹಾಕಿ, ಸಾಬೂನು ಹಚ್ಚಿ ಉಜ್ಜಿದಳು. ಒಣಗಿದಾಗ ಹಸಿರು ಇನ್ನೂ ಗಾಢ. ಮುಂದಿನ ವಾರ ತೋಳಿನ ತುದಿಗೂ ಬಂತು. ಉಜ್ಜಿದಷ್ಟೂ ಹಸಿರು. ಅಂದರೆ ಮತ್ತೆ ಮತ್ತೆ ಹೋಗುತ್ತಿದ್ದಾನೆ ಎಂದುಕೊಂಡಳು. ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಅವನನ್ನು ಕಾದಳು. ಅನ್ಸೆಲ್ಮೊ ಬೆಳಕು ಹರಿಯುವ ಹೊತ್ತಿಗೆ ಮೆಲ್ಲಗೆ ಎದ್ದು, ಬೂಟು ಕೈಯಲ್ಲಿ ಹಿಡಿದುಕೊಂಡು ಮನೆ ದಾಟುತ್ತಿದ್ದ. ಸೂರ್ಯ ಮೇಲೆ ಬರುವಷ್ಟರಲ್ಲಿ ಶಿಳ್ಳೆ ಹಾಕಿಕೊಂಡು ವಾಪಸ್ಸು. ಎಲ್ಲಿಗೆ ಹೋಗಿದ್ದೆ ಎಂದರೆ, "ಎಲ್ಲಿಗೂ ಇಲ್ಲ."

ಕೊನೆಗೆ ಮಾತು ಬಿದ್ದದ್ದು ಅಡುಗೆಮನೆಯಲ್ಲಿ, ನನ್ನ ಅಮ್ಮನ ಎದುರಿಗೇ. ಅಮ್ಮ ಅವತ್ತು ಸಂಘದ ಅಡುಗೆಗೆ ಅವರೆಬೀಜ ಆರಿಸಲು ಬಂದಿದ್ದಳು. ಬಸಿಲಿಸಾ ಅಂಗಿಯನ್ನು ಮೇಜಿನ ಮೇಲೆ ಹರಡಿದಳಂತೆ.

"ಇದೇನೋ?"

"ನನ್ನ ಅಂಗಿ."

"ಇದು ಏನು ಅಂತ ಕೇಳ್ದೆ."

ಅನ್ಸೆಲ್ಮೊ ಕಾಲರು ನೋಡಿದ. "ಗೊತ್ತಿಲ್ಲಕ್ಕಾ. ನಾನು ಗೆರೆ ದಾಟಿಲ್ಲ."

"ಬೆಳಗಿನ ಜಾವ ಎಲ್ಲಿಗೆ ಹೋಗ್ತೀಯಾ?"

ಅವನು ಸುಮ್ಮನಾದ. ಹೇಳಿದ್ದರೆ ಬೇರೆ ಗಂಡಾಂತರ. ಅವನು ಹೋಗುತ್ತಿದ್ದದ್ದು ದೆಲ್ಫಿನಾಳನ್ನು ನೋಡಲು, ಮತ್ತು ದೆಲ್ಫಿನಾ ಆ ನಾಚಿಕೆಗೆಟ್ಟ ನಬೋರನ ತಂಗಿ. ಅಣ್ಣ ತೊಟ್ಟಿಯ ಕೆಲಸದಿಂದ ಮರಳುವ ಮೊದಲು ಅವಳು ಹಿತ್ತಲ ಬಾಗಿಲಿಗೆ ಬಂದು ನಿಲ್ಲುತ್ತಿದ್ದಳು. ಅಷ್ಟೇ. ಆದರೆ ಆ ಚಳಿಗಾಲದಲ್ಲಿ ನಬೋರನ ಹಿತ್ತಲಲ್ಲಿ ನಿಂತವನನ್ನು ಊರು ಗೆರೆ ದಾಟಿದವನ ಲೆಕ್ಕಕ್ಕೇ ಹಾಕುತ್ತಿತ್ತು.

"ಅಕ್ಕಾ, ಅಮ್ಮನ ಆಣೆ. ನಾನು ಒಳಗೆ ಕಾಲಿಟ್ಟಿಲ್ಲ. ನನ್ನ ಮಾತು ನಂಬು."

"ಮನುಷ್ಯರು ಸುಳ್ಳು ಹೇಳ್ತಾರೆ" ಎಂದಳು ಬಸಿಲಿಸಾ. "ಬಟ್ಟೆ ಹೇಳಲ್ಲ."

ಅಮ್ಮ ತಡೆಯಲು ನೋಡಿದಳಂತೆ. "ಕೊಮಾದ್ರೆ, ಒಂದು ದಿನ ಬಿಡು, ವಿಚಾರಿಸೋಣ. ನಿನ್ನ ಸ್ವಂತ ತಮ್ಮ."

"ಸ್ವಂತ ತಮ್ಮ ಅಂತ ಬಿಟ್ರೆ, ನಬೋರನ ಅಂಗಿ ಯಾವ ಮುಖ ಇಟ್ಕೊಂಡು ನೇತುಹಾಕಿದ್ವಿ ನಾವು?"

ಅವತ್ತೇ ನಡುಹಗಲಲ್ಲಿ, ಊರೆಲ್ಲ ನೋಡುತ್ತಿರುವಾಗ, ತನ್ನ ಕೈಯಾರೆ ತಮ್ಮನ ಅಂಗಿಯನ್ನು ಬೇಲಿಗೆ ಸಿಕ್ಕಿಸಿದಳು. ಬಟ್ಟೆ ಓದುವ ಬಸಿಲಿಸಾಳೇ, ತಾನು ಸಾಕಿದವನ ಅಂಗಿಯನ್ನೇ ಸಿಕ್ಕಿಸಿದ ಮೇಲೆ ಕೇಳುವುದಕ್ಕೆ ಏನೂ ಉಳಿಯಲಿಲ್ಲ. ಅನ್ಸೆಲ್ಮೊ ಒಂದು ಚೀಲ ಹಿಡಿದು ಕಣಿವೆಯ ಆಚೆ ದಡಕ್ಕೆ ಹೋದ. ಮುಷ್ಕರ ಸೋತ ಮೇಲೆ ದೆಲ್ಫಿನಾಳನ್ನು ಮದುವೆಯಾದ. "ನೋಡಿದ್ರಾ? ನಬೋರನ ಮನೆಗೇ ಅಳಿಯ ಆದ" ಎಂದು ಊರು ತಲೆ ಅಲ್ಲಾಡಿಸಿತು. ಇದ್ದ ಒಂದು ಚೂರು ಸಂಶಯವೂ ಆಗ ಮಣ್ಣಾಯಿತು.

ಅವನು ಊರು ಬಿಟ್ಟು ಹೋಗಿದ್ದರೆ ಇಬ್ಬರಿಗೂ ಸುಲಭವಾಗುತ್ತಿತ್ತೇನೋ. ಹೋಗಲಿಲ್ಲ. ಆಚೆ ದಡದಲ್ಲಿ ಟ್ರಕ್ಕು ರಿಪೇರಿ ಮಾಡಿಕೊಂಡು ಇದ್ದ. ಅವನ ಜಗುಲಿಯಿಂದ ಸಂಘದ ಬೇಲಿ ನೇರ ಕಾಣಿಸುತ್ತದೆ. ಅಂಗಿ ಬಣ್ಣ ಕಳೆದುಕೊಂಡು, ಚಿಂದಿಯಾಗಿ, ಕೊನೆಗೆ ತಂತಿಗೆ ಅಂಟಿದ ಒಂದು ಗುಂಡಿಯಷ್ಟೇ ಉಳಿಯುವ ತನಕ ಅವನು ಅದನ್ನು ದಿನಾ ನೋಡಿದ. ಇಗರ್ಜಿಯಲ್ಲಿ ಅಕ್ಕ ಈ ಸಾಲಿನಲ್ಲಿ, ತಮ್ಮ ಆ ಸಾಲಿನಲ್ಲಿ. ಒಂದು ಕ್ರಿಸ್ಮಸ್ಸಿಗೆ ದೆಲ್ಫಿನಾ ಮೆಕ್ಕೆಜೋಳದ ಸಿಪ್ಪೆಯಲ್ಲಿ ಬೇಯಿಸುವ ತಮಾಲೆ ಕಡುಬು ಮಾಡಿ ಬಟ್ಟೆಯಲ್ಲಿ ಸುತ್ತಿ ಕಳಿಸಿದಳು. ಬಸಿಲಿಸಾ ಒಂದನ್ನು ಬಿಡಿಸಿ, ಕಡ್ಡಿಯಲ್ಲಿ ಕೆದಕಿ, ನಾಯಿಗೆ ಹಾಕಿದಳು. ನಾಯಿ ಬಾಲ ಅಲ್ಲಾಡಿಸುತ್ತಾ ತಿಂದು ಇನ್ನೊಂದು ಕೇಳಿತು.

"ನೋಡಿ ಮದ್ರಿನಾ, ಏನೂ ಆಗಿಲ್ಲ" ಎಂದೆ ನಾನು.

"ನಾಯಿಯನ್ನೂ ಬುಟ್ಟಿಗೆ ಹಾಕ್ಕೊಂಡಿದಾರೆ" ಎಂದಳು.

ದೆಲ್ಫಿನಾ ತೀರಿಕೊಂಡಾಗ ಮಾತ್ರ ಬಸಿಲಿಸಾ ಕಪ್ಪು ಶಾಲು ಹೊದ್ದುಕೊಂಡು ಸ್ಮಶಾನದ ಗೇಟಿನ ಹೊರಗೆ ನಿಂತಿದ್ದಳು. ಒಳಗೆ ಬನ್ನಿ ಎಂದರೆ, "ಬಿಸಿಲು ಕಾಯಿಸ್ಕೊಳ್ತಾ ಇದೀನಿ" ಎಂದಳು. ನಮ್ಮ ಅರಿಝೋನಾದ ಜೂನ್ ತಿಂಗಳು ಅದು. ನೆರಳಲ್ಲಿ ನಿಂತವರೇ ಬೆವರಿನಲ್ಲಿ ತೊಯ್ದಿದ್ದರು. ಅವಳಿಗೆ ತಮ್ಮ ಬೇಕಾಗಿದ್ದ. ಬೇಕೇ ಬೇಕಾಗಿದ್ದ. ಆದರೆ ಕಾಲರು ಕಣ್ಣ ಮುಂದಿತ್ತು.

ವರ್ಷಗಳು ಕಳೆದು ಕಂಪನಿ ಹೊಂಡವನ್ನು ಮುಚ್ಚಿತು. ತಾಮ್ರದ ಬೆಲೆ ಬಿತ್ತು ಎಂದರು, ನಾನಂತೂ ನಂಬಲಿಲ್ಲ. ಅಂಗಡಿ ಹೋಯಿತು, ಆಸ್ಪತ್ರೆ ಹೋಯಿತು, ಸಂಘದ ಮನೆಗೆ ಬೀಗ ಬಿತ್ತು. ಗುಡ್ಡ ಉಳಿಯಿತು. ಗಾಳಿ ಎದ್ದ ದಿನ ಹಳದಿ ದೂಳು ನಾನು ನಡೆಸುವ ಕ್ಷೌರದಂಗಡಿಯ ಕನ್ನಡಿಯ ಮೇಲೆಲ್ಲ ಕೂರುತ್ತದೆ; ಒರೆಸುವುದೇ ಒಂದು ಉದ್ಯೋಗ.

ಹೋದ ವಸಂತದಲ್ಲಿ ಸರ್ಕಾರದಿಂದ ನೀರು ಪರೀಕ್ಷೆ ಮಾಡುವವರು ಇಬ್ಬರು ಬಂದರು, ಒಬ್ಬಳು ಹೆಂಗಸು, ಒಬ್ಬ ಗಂಡಸು. ಊರಿನ ಬಾವಿಗಳಿಗೆಲ್ಲ ಸೀಸೆ ಇಳಿಸಿದರು. ಚೀನೀ ತೋಟದ ಬಾವಿಯ ಹತ್ತಿರ ಕೆಂಪು ಫಲಕ ನೆಟ್ಟರು: ಗುಡ್ಡದ ನೀರು ಇದಕ್ಕೆ ಸೋರುತ್ತಿದೆ, ಬಹಳ ಕಾಲದಿಂದ, ಬಳಸಬೇಡಿ. ಬಸಿಲಿಸಾ ಕೋಲೂರಿಕೊಂಡು ಹೋಗಿ ಅವರನ್ನು ಅಡ್ಡಗಟ್ಟಿದಳು.

"ಈ ಜಾಗ ಕಂಪನಿಗೆ ಬೇಕಾಗಿದೆ ಅಂತ ಹೇಳಿ. ನೀರಿಗೆ ಯಾಕೆ ಕೆಟ್ಟ ಹೆಸರು ಕಟ್ತೀರಿ?"

"ನಾವು ಕಂಪನಿಯವರಲ್ಲ ದೋನ್ಯಾ" ಎಂದಳು ಆ ಹೆಂಗಸು.

"ಹಾಗಂತ ಯಾರು ಹೇಳಲ್ಲ? ಮುಷ್ಕರದ ಚಳಿಗಾಲ ಪೂರ್ತಿ ಈ ನೀರಲ್ಲೇ ಬಟ್ಟೆ ಒಗೆದಿದೀನಿ ನಾನು. ಇಡೀ ಊರಲ್ಲಿ ಕಂಪನಿ ಕೈಗೆ ಸಿಗದ ನೀರು ಅಂದ್ರೆ ಇದೊಂದೇ. ನಾಳೆ ನನ್ನ ಮನೆಗೆ ಬನ್ನಿ, ತೋರಿಸ್ತೀನಿ."

ನೀರು ತರುವ ಕೆಲಸ ನನ್ನ ಪಾಲಿಗೆ ಬಂತು. ನನ್ನನ್ನೂ ಒಬ್ಬಳನ್ನೇ ಬಿಡಲಿಲ್ಲ. ಟ್ರಕ್ಕಿನಲ್ಲಿ ಪಕ್ಕ ಕೂತು ಬಂದು, ನಾನು ಬಕೆಟ್ ಇಳಿಸಿ ಎತ್ತುವುದನ್ನು ಕಣ್ಣೆವೆ ಇಕ್ಕದೆ ನೋಡಿದಳು. "ನೀನೂ ಅವರ ಜೊತೆ ಸೇರ್ಕೊಂಡಿರಬಹುದು, ಯಾರಿಗೆ ಗೊತ್ತು" ಎಂದಳು. ನನಗೆ ಮೂಗಿನ ತುದಿಗೆ ಕೋಪ ಬಂತು. ಆದರೆ ಆ ಮಾತು ಬೇರೆಯವರಿಗೆ ಹೇಳಿದ್ದರೆ ನಕ್ಕಿರುತ್ತಿದ್ದೆನಲ್ಲ ಎಂದುಕೊಂಡು ಬಕೆಟ್ಟನ್ನು ಟ್ರಕ್ಕಿಗೇರಿಸಿದೆ.

ಮರುದಿನ ಬೆಳಗ್ಗೆ ಅವಳ ಜಗುಲಿಯ ಮುಂದೆ ಅರ್ಧ ಊರು. ಮನೆಯಲ್ಲಿ ಕಪ್ಪು ಬಿಟ್ಟು ಬೇರೆ ಬಟ್ಟೆ ಇರಲಿಲ್ಲ. ಪೆಟ್ಟಿಗೆಯ ತಳದಿಂದ ಒಂದು ಬಿಳಿ ಅಂಗಿ ತೆಗೆದಳು. ನನ್ನ ಜ್ಞಾನಸ್ನಾನದ ದಿನ ತೊಟ್ಟದ್ದು, ಆಮೇಲೆ ವಿಧವೆಯಾದಳು. ಕಾಲರನ್ನು ಹಳೆಯ ಹಾಗೆ ಬೆರಳಿಗೆ ಸುತ್ತಿಕೊಂಡು, ಸಾಬೂನು ಹಚ್ಚಿ, ಕಲ್ಲಿಗೆ ಉಜ್ಜಿದಳು. ತೋಳಿನ ತುದಿಗಳನ್ನೂ ಉಜ್ಜಿದಳು. ಆ ವಯಸ್ಸಿನಲ್ಲೂ ಕೈ ಅದೇ ಗತ್ತಿನಲ್ಲಿ ಹೋಗಿ ಬರುತ್ತಿತ್ತು. ಹಿಂಡಿ, ಕೊಡವಿ, ಹಗ್ಗಕ್ಕೆ ಹಾಕಿ, ಸೊಂಟದ ಮೇಲೆ ಕೈಯಿಟ್ಟು ಎಲ್ಲರನ್ನೂ ನೋಡಿದಳು.

"ಎಲ್ಲಿ? ನಿಮ್ಮ ವಿಷ ಎಲ್ಲಿ?"

ನಮ್ಮ ಬಿಸಿಲಿಗೆ ಬಟ್ಟೆ ಒಣಗಲು ಹೊತ್ತು ಬೇಡ. ಯಾರೋ ಹಳೆಯ ಬೇಕರಿ ಕತೆ ಎತ್ತಿ ನಗಿಸುತ್ತಿದ್ದರು. ಆಗ ನನ್ನ ಕಣ್ಣಿಗೆ ಬಿತ್ತು. ಕಾಲರಿನ ಮಡಿಕೆಯಲ್ಲಿ ಮಸುಕು ಹಸಿರು. ನಗು ಒಂದೊಂದಾಗಿ ನಿಂತಿತು. ಬಸಿಲಿಸಾ ಹತ್ತಿರ ಹೋಗಿ ಮೂಸಿದಳು. ನಂತರ ಹಗ್ಗದಿಂದ ಕಿತ್ತು ಮತ್ತೆ ತೊಟ್ಟಿಗೆ ಹಾಕಿ, ಮೊದಲಿಗಿಂತ ಜೋರಾಗಿ ಉಜ್ಜಿದಳು. ಎರಡನೇ ಸಲ ಒಣಗಿದಾಗ ಆಚೆ ಬೀದಿಯಿಂದಲೂ ಕಾಣುವಷ್ಟು ಹಸಿರಾಗಿತ್ತು. ಕಾಲರು ಮತ್ತು ತೋಳಿನ ತುದಿ, ಸಾಬೂನು ಹೆಚ್ಚು ಬಿದ್ದಲ್ಲಿ ಮಾತ್ರ. ಉಳಿದ ಬಟ್ಟೆ ಬಿಳಿಯೇ.

ನೀರಿನ ಇಲಾಖೆಯ ಹೆಂಗಸು ಏನೋ ಹೇಳಲು ಬಾಯಿ ತೆರೆದಳು. ನಾನು ಅವಳ ಕೈ ಹಿಡಿದು ಬೇಡ ಎಂದೆ. ಅಲ್ಲಿದ್ದ ಮುದುಕರಿಗೆಲ್ಲ ಅರ್ಥವಾಗಿತ್ತು. ಒಬ್ಬೊಬ್ಬರೇ ಟೋಪಿ ಹಾಕಿಕೊಂಡು, ಒಬ್ಬರ ಮುಖ ಒಬ್ಬರು ನೋಡದೆ ಹೊರಟುಹೋದರು. ಅವರೆಲ್ಲ ಮೂವತ್ತಕ್ಕೂ ಹೆಚ್ಚು ವರ್ಷ ಅನ್ಸೆಲ್ಮೊನ ಜೊತೆ ಮಾತಾಡದವರು.

ಬಸಿಲಿಸಾ ತೊಟ್ಟಿಯ ಅಂಚಿನ ಮೇಲೆ ಕೂತಳು. ಸಾಬೂನಿನ ಕೈ ಮಡಿಲಲ್ಲಿತ್ತು.

"ತೆಂಚಾ" ಎಂದಳು. ನನ್ನನ್ನು ಹಾಗೆ ಕರೆಯುವವಳು ಈಗ ಅವಳೊಬ್ಬಳೇ. "ಅವನೇ ಹೊತ್ತು ತರ್ತಿದ್ದ ಕಣೇ ನೀರು. ಏರು ಹತ್ಕೊಂಡು. ನಾನು ಉಜ್ಜಿ ಉಜ್ಜಿ ಹಾಕ್ದೆ."

"ನಿಮಗೆ ಗೊತ್ತಿರಲಿಲ್ವಲ್ಲ ಮದ್ರಿನಾ."

"ಎಲ್ಲರನ್ನೂ ಅನುಮಾನಿಸ್ದೆ. ಪಾದ್ರಿ ನೀರನ್ನೂ ಮೂಸ್ದೆ. ನನ್ನ ತೊಟ್ಟಿ ಮೂಸಲಿಲ್ಲ."

ನನಗೆ ಅಳು ತಡೆಯಲಾಗಲಿಲ್ಲ. ಅವಳು ಅಳಲಿಲ್ಲ. ಅಂಗಿಯನ್ನು ಮಡಚಿ ಕಂಕುಳಲ್ಲಿ ಇಟ್ಟುಕೊಂಡು, ಕೋಲು ಹಿಡಿದು, ಸಂಘದ ಮನೆಯ ಕಡೆಗೆ ನಡೆದಳು. ಹಿಂದೆ ಬರಬೇಡ ಎಂದಳು, ಆದರೂ ನಾನು ಹೋದೆ. ಆ ಹಳೆಯ ತಂತಿಗೆ, ಗುಂಡಿ ಅಂಟಿಕೊಂಡಿದ್ದ ಜಾಗದ ಪಕ್ಕದಲ್ಲಿ, ತನ್ನ ಬಿಳಿ ಅಂಗಿಯನ್ನು ಸಿಕ್ಕಿಸಿದಳು. ಹಸಿರು ಕಾಲರನ್ನು ಆಚೆ ದಡದ ಕಡೆಗೆ ತಿರುಗಿಸಿ ನೆಟ್ಟಗೆ ಮಾಡಿದಳು. ನಮ್ಮೂರಲ್ಲಿ ತನ್ನ ಅಂಗಿಯನ್ನು ತಾನೇ ಸಿಕ್ಕಿಸಿದವರನ್ನು ನಾನು ಅಲ್ಲಿಯವರೆಗೆ ಕಂಡಿರಲಿಲ್ಲ.

ಊರಿನವರು ಪದ್ಧತಿ ಮುರಿಯಲಿಲ್ಲ. ಅವಳ ಜೊತೆ ಮಾತು ನಿಲ್ಲಿಸಿದರು. ನನಗೆ ಅವರ ಮೇಲೆ ಅನುಮಾನ: ಅದು ಪದ್ಧತಿಗಾಗಿ ಅಲ್ಲ, ತಮ್ಮ ಪಾಲಿನ ನಾಚಿಕೆಯನ್ನೂ ಅವಳ ತಲೆಗೇ ಕಟ್ಟಲಿಕ್ಕೆ. ಬಸಿಲಿಸಾ ದಿನಾ ಬೆಳಗ್ಗೆ ಬೇಲಿಯ ಹತ್ತಿರ ಹೋಗಿ ಅಲ್ಲಿದ್ದ ಕಲ್ಲಿನ ಮೇಲೆ ಕೂರುತ್ತಿದ್ದಳು. ಆಚೆ ದಡದ ಜಗುಲಿಯಲ್ಲಿ ಒಬ್ಬ ಮುದುಕ ಕೂತಿರುವುದು ನಮಗೆ ಕಾಣುತ್ತಿತ್ತು. ಅವನು ಏಳಲಿಲ್ಲ.

ಕೊನೆಗೆ ಒಂದು ದಿನ ಎದ್ದ. ಮೊಣಕಾಲು ನೋವಿನವನು, ಕಣಿವೆ ಇಳಿದು ಹತ್ತಿ ಬರುವಷ್ಟರಲ್ಲಿ ಬಿಸಿಲು ಏರಿತ್ತು. ಬೇಲಿಯ ಮುಂದೆ ನಿಂತು, ಕನ್ನಡಕ ಹಾಕಿಕೊಂಡು ಕಾಲರನ್ನು ನೋಡಿದ. ಅಕ್ಕನ ಕಡೆ ನೋಡಲಿಲ್ಲ.

"ಬಾವಿ ನೀರು" ಎಂದಳು ಬಸಿಲಿಸಾ.

"ಗೊತ್ತು."

"ಯಾರು ಹೇಳಿದ್ರು? ಆ ನೀರಿನವರಾ?"

"ಯಾರೂ ಹೇಳಲಿಲ್ಲ. ಮದುವೆ ಆದ್ಮೇಲೆ ದೆಲ್ಫಿನಾ ನನ್ನ ಬಟ್ಟೆ ನಲ್ಲಿ ನೀರಲ್ಲಿ ಒಗೆದ್ಲು. ಹಸಿರು ಬರಲಿಲ್ಲ. ಆವಾಗ್ಲೇ ತಿಳೀತು."

ಬಸಿಲಿಸಾಳ ಕೋಲು ಕೈಯಿಂದ ಜಾರಿ ಬಿತ್ತು. ನಾನು ಎತ್ತಿಕೊಡಲು ಬಗ್ಗಿದವಳು ಅಲ್ಲೇ ನಿಂತುಬಿಟ್ಟೆ.

"ಅಷ್ಟು ವರ್ಷದಿಂದ ಗೊತ್ತಿತ್ತಾ? ಮತ್ತೆ ಯಾಕೋ ಬಂದು ಹೇಳಲಿಲ್ಲ? ಒಂದು ಮಾತು ಸಾಕಿತ್ತಲ್ಲೋ!"

ಅನ್ಸೆಲ್ಮೊ ಕನ್ನಡಕ ತೆಗೆದು ಅಂಗಿಯ ತುದಿಯಲ್ಲಿ ಒರೆಸಿದ.

"ಹೇಳಿದ್ರೆ ನೀನು ನೀರನ್ನ ನಂಬ್ತಿದ್ದೆ ಅಕ್ಕಾ" ಎಂದ. "ನನ್ನನ್ನ ನಂಬ್ತಿರಲಿಲ್ಲ."

ಅನ್ಸೆಲ್ಮೊ ತಿರುಗಿ ಕಣಿವೆಯ ಕಡೆ ಹೆಜ್ಜೆ ಹಾಕಿದ. ಅವನು ಇಳಿಜಾರಿಗೆ ಕಾಲಿಡುವಷ್ಟರಲ್ಲಿ ಅವಳ ದನಿ ಎದ್ದಿತು. ಹುಡುಗನಾಗಿದ್ದಾಗ ಬೀದಿಯಿಂದ ಅವನನ್ನು ಒಳಗೆ ಕರೆಯುತ್ತಿದ್ದ ಅದೇ ಜೋರು ದನಿ.

"ಅನ್ಸೆಲ್ಮೊ! ಊಟ ಮಾಡ್ಕೊಂಡು ಹೋಗು!"

ಅವನು ನಿಂತ. ತಿರುಗದೆಯೇ ಕೇಳಿದ, "ಯಾವ ನೀರಲ್ಲಿ ಮಾಡಿದ್ದು?"

"ಅಂಗಡಿ ಬಾಟ್ಲಿ ನೀರು. ತೆಂಚಾ ತಂದದ್ದು."

"ಅವಳನ್ನ ನಂಬಬಹುದಾ?"

"ಇಲ್ಲ" ಎಂದಳು ಬಸಿಲಿಸಾ. "ಆದ್ರೂ ಬಾ."

ಬಂದ. ಅಡುಗೆಮನೆಯ ಅದೇ ಮೇಜಿಗೆ ಕೂತ. ಅವಳು ಆಲೂಗಡ್ಡೆ, ಚೀಸ್ ಹಾಕಿದ ಸಾರನ್ನು ಬಟ್ಟಲಿಗೆ ಬಡಿಸಿ, ದೊಡ್ಡ ಗೋಧಿ ರೊಟ್ಟಿಯನ್ನು ಮಡಚಿ ಪಕ್ಕದಲ್ಲಿಟ್ಟಳು. ಅನ್ಸೆಲ್ಮೊ ಒಂದು ಚಮಚ ಸಾರೆತ್ತಿ ಕಿಟಕಿಯ ಬೆಳಕಿಗೆ ಹಿಡಿದು, ಬಣ್ಣ ನೋಡಿದ. ಆಮೇಲೆ ಮೂಗಿನ ಹತ್ತಿರ ತಂದು ಮೂಸಿದ. ಬಸಿಲಿಸಾ ಸೆರಗಿನಂತೆ ಶಾಲಿನ ತುದಿಯನ್ನು ಬಾಯಿಗೆ ಒತ್ತಿಕೊಂಡು, ಅವನು ನೋಡಿ ಮುಗಿಸುವುದನ್ನು ಕಾಯುತ್ತಾ ನಿಂತಳು. ಅವನಿಗೆ ಅವಸರವಿರಲಿಲ್ಲ.